ಬಾನಹೊನಲು ಬರೆಯುತ್ತಿರುವ ಮಗಳಿಗೆ

ಪ್ರೀತಿಯ ಪುಟ್ಟಿಗೆ ದೊಡ್ಡಮ್ಮನ ಆಶೀರ್ವಾದಗಳು.

ನೀನು ಕಳಿಸಿದ ಮೂರು ಅಧ್ಯಾಯಗಳನ್ನು ಎರಡೆರಡು ಸಲ ಓದಿದೆ. ಮೊದಲ ಸಲ ಕಥೆಗಾಗಿ, ಎರಡನೇ ಸಲ ಪೆನ್ಸಿಲ್ ಹಿಡಿದು. ಹನ್ನೆರಡು ವರ್ಷಕ್ಕೊಮ್ಮೆ ಆಕಾಶದಲ್ಲಿ ಬೆಳಕಿನ ಹೊಳೆಯೊಂದು ಹರಿಯುತ್ತದೆ, ಅದನ್ನು ಕಣ್ತುಂಬ ನೋಡಿದವರಿಗೆ ತೀರಿಹೋದವರ ದನಿ ಕೇಳಿಸುತ್ತದೆ ಎಂಬ ಕಲ್ಪನೆ ನನ್ನನ್ನು ಹಿಡಿದು ಕೂರಿಸಿತು. ‘ಬಾನಹೊನಲು’ ಎಂಬ ಹೆಸರೂ ಬಾಯಿಗೆ ಹಿತವಾಗಿದೆ. ಯಾರು ಏನೆಂದರೂ ಅದನ್ನು ಬದಲಿಸಬೇಡ.

ಹೊನಲಿನ ಬಣ್ಣಗಳಿಗೆಂದೇ ನಾಲ್ಕು ಪುಟ ಬರೆದಿದ್ದೀಯ. ನೇರಳೆ, ಹಸಿರು, ಹೊನ್ನು, ಮತ್ತೆ ನೇರಳೆ. ಹಾಳೆಗಳನ್ನು ಕೆಳಗಿಟ್ಟ ಮೇಲೆ ನನಗೆ ಅವು ಯಾವುವೂ ನೆನಪಿರಲಿಲ್ಲ. ನೆನಪಿದ್ದದ್ದು ಒಂದೇ ಸಾಲು: ಕುಂಬಾರಗಿತ್ತಿ ಒಣಗಲು ಇಟ್ಟ ಹಸಿ ಮಡಕೆಗಳ ಮೇಲೆ ಗೋಣಿತಟ್ಟು ಹೊದಿಸಿ, ಆಮೇಲೆ ತಲೆ ಎತ್ತುತ್ತಾಳಲ್ಲ, ಅದು. ನಿನ್ನ ಆಕಾಶವನ್ನು ನಾನು ನಂಬಿದ್ದು ಅಲ್ಲಿ. ಆ ಸಾಲನ್ನು ಬಣ್ಣಗಳಿಗಿಂತ ಮುಂದಕ್ಕೆ ತಂದುಬಿಡು.

ಇಷ್ಟು ಖಚಿತವಾಗಿ ಹೇಳಲು ಕಾರಣವಿದೆ. 1980ರ ಫೆಬ್ರುವರಿ 16ರಂದು, ಶನಿವಾರ, ಪೂರ್ಣ ಸೂರ್ಯಗ್ರಹಣದ ನೆರಳು ಅಂಕೋಲೆ, ಹುಬ್ಬಳ್ಳಿ, ರಾಯಚೂರುಗಳ ಮೇಲೆ ಹಾದುಹೋಯಿತು. ನಾನಾಗ ಹತ್ತು ವರ್ಷದವಳು, ಅಂಕೋಲೆಯ ಹಳೆಯ ಮನೆಯಲ್ಲಿದ್ದೆವು. ನಿನ್ನ ತಾಯಿ ಇನ್ನೂ ಆಯಿಯ ಹೊಟ್ಟೆಯಲ್ಲಿದ್ದಳು. ಗರ್ಭಿಣಿಯ ಮೇಲೆ ಗ್ರಹಣದ ನೆರಳು ಬೀಳಬಾರದೆಂದು ಕಿಟಕಿ, ಬಾಗಿಲು ಎಲ್ಲವನ್ನೂ ಮುಚ್ಚಿದ್ದರು. ನೀರಿನ ಹಂಡೆಯ ಮೇಲೆ, ಉಪ್ಪಿನಕಾಯಿ ಭರಣಿಯ ಮೇಲೆ ದರ್ಭೆ. ನಡುಮನೆಯಲ್ಲಿ ಚಾಪೆಯ ಮೇಲೆ ಆಯಿ, ಪಕ್ಕದಲ್ಲಿ ನಾನು.

ಹೆಂಚಿನ ಸಂದಿಗಳಿಂದ ಬಿಸಿಲಿನ ಬೊಟ್ಟುಗಳು ಬೀಳುತ್ತಿದ್ದವು. ದಿನವೂ ದುಂಡಗಿರುತ್ತಿದ್ದ ಆ ಬೊಟ್ಟುಗಳು ಅಂದು ಒಂದು ಕಡೆಯಿಂದ ತಿಂದಂತಾಗಿ, ಮೆಲ್ಲನೆ ಕುಡುಗೋಲಾದವು. ಸಗಣಿ ಸಾರಿಸಿದ ನೆಲದ ಮೇಲೆ, ಗೋಡೆಯ ಮೇಲೆ, ಆಯಿಯ ಹಸಿರು ಸೀರೆಯ ಮೇಲೆ, ಎಲ್ಲೆಲ್ಲೂ ಸಣ್ಣ ಸಣ್ಣ ಕುಡುಗೋಲುಗಳು. ಒಂದು ಅವಳ ಹೊಟ್ಟೆಯ ಮೇಲೆಯೇ ಬಿದ್ದಿತ್ತು. ಆಯಿ ಅದನ್ನು ಅಂಗೈಯಿಂದ ಮುಚ್ಚಿದಳು. ಅದು ಅವಳ ಕೈ ಬೆನ್ನಿನ ಮೇಲೆ ಹತ್ತಿ ಕೂತಿತು. ಮೂರೂವರೆ ದಾಟಿತ್ತು, ಕುಡುಗೋಲುಗಳು ದಾರದಷ್ಟು ತೆಳುವಾಗಿ ಆರಿಹೋದವು. ಕೋಳಿಗಳು ಗೂಡು ಸೇರಿದ ಸದ್ದು, ಕಾಗೆಗಳ ಗದ್ದಲ, ಆಮೇಲೆ ಪೂರ್ತಿ ಮೌನ. ಹೊರಗೆ ಯಾರೋ ‘ನಕ್ಷತ್ರ! ನಕ್ಷತ್ರ!’ ಎಂದು ಕೂಗಿದರು. ನಾನು ಎದ್ದೆ. ಆಯಿ ನನ್ನ ಮಣಿಕಟ್ಟು ಹಿಡಿದಳು, ಗಟ್ಟಿಯಾಗಿ ಅಲ್ಲ. ಅವಳ ಕೈ ನಡುಗುತ್ತಿತ್ತು. ನಾನು ಕೂತೆ.

ಎರಡೂವರೆ ನಿಮಿಷಕ್ಕೂ ತುಸು ಹೆಚ್ಚು ಹೊತ್ತು, ಅಷ್ಟೇ. ಬೆಳಕು ಮರಳಿದಾಗ ಕುಡುಗೋಲುಗಳು ಇನ್ನೊಂದು ಬದಿಗೆ ಬಾಗಿದ್ದವು. ಅಂಥ ಗ್ರಹಣ ನಮ್ಮ ಊರಿಗೆ ಮತ್ತೆ ಬಂದಿಲ್ಲ. ನೋಡಲಿಲ್ಲವೆಂಬ ನೋವು ನನಗೆ ಇಂದಿಗೂ ಇದೆ, ಸುಳ್ಳು ಹೇಳುವುದಿಲ್ಲ. ನೆರಳಿನಿಂದ ಯಾವ ಮಗುವಿಗೂ ಏನೂ ಆಗುವುದಿಲ್ಲ ಎಂದು ಮುಂದೆ ಶಾಲೆಯಲ್ಲಿ ನಾನೇ ಎಷ್ಟೋ ಮಕ್ಕಳಿಗೆ ಪಾಠ ಮಾಡಿದೆ. ಆದರೂ ಆ ಕೈಯನ್ನು ಬಿಡಿಸಿಕೊಂಡು ಓಡಬೇಕಿತ್ತು ಎಂದು ಒಂದು ದಿನವೂ ಅನಿಸಿಲ್ಲ.

ಈಗ ನಿನ್ನ ಎರಡನೇ ಅಧ್ಯಾಯ ತೆಗೆದು ನೋಡು. ಹೊನಲು ಹರಿಯುವ ರಾತ್ರಿ ಬಾಗಿಲು ಹಾಕಿಕೊಳ್ಳುವ ಮುದುಕಿಯನ್ನು ‘ಮೂಢೆ’ ಎಂದು ಎರಡು ಸಾಲಿನಲ್ಲಿ ಮುಗಿಸಿದ್ದೀಯ. ಅವಳಿಗೆ ಯಾರ ದನಿ ಕೇಳಬೇಡವಾಗಿದೆ, ಪುಟ್ಟಿ? ಸತ್ತ ಮಗನದೇ? ಒಳಗೆ ಯಾರನ್ನು ಹಿಡಿದುಕೊಂಡು ಕೂತಿದ್ದಾಳೆ? ಅವಳಿಗೊಂದು ಪೂರ್ತಿ ಅಧ್ಯಾಯ ಕೊಡು. ನಿನ್ನ ಕಥೆಯ ಜೀವ ಅವಳ ಹತ್ತಿರ ಇದೆ ಎಂದು ನನಗೆ ಬಲವಾಗಿ ಅನಿಸುತ್ತದೆ.

ಇನ್ನೊಂದು. ಮೂರನೇ ಅಧ್ಯಾಯದಲ್ಲಿ ನಾಯಕನಿಗೆ ಕಷ್ಟ ಬಂತೆಂದು ಹೊನಲನ್ನು ಐದನೇ ವರ್ಷಕ್ಕೇ ಹರಿಸಿಬಿಟ್ಟಿದ್ದೀಯ. ಹಾಗೆ ಮಾಡಬೇಡ. ಸೂರ್ಯನ ಅಡ್ಡಳತೆ ಚಂದ್ರನದಕ್ಕಿಂತ ಸುಮಾರು 400 ಪಟ್ಟು ದೊಡ್ಡದು. ನಮ್ಮಿಂದ ಅವನ ದೂರವೂ ಹೆಚ್ಚುಕಡಿಮೆ ಅಷ್ಟೇ ಪಟ್ಟು. ಆ ಲೆಕ್ಕ ಹೊಂದಿದ್ದಕ್ಕೆ ಚಂದ್ರನ ಬಿಲ್ಲೆ ಸೂರ್ಯನನ್ನು ಸರಿಯಾಗಿ ಮುಚ್ಚುತ್ತದೆ. ಪಂಚಾಂಗದಲ್ಲಿ ಗಳಿಗೆ ಮೊದಲೇ ಬರೆದಿತ್ತು, ಆದರೂ ಊರಿಗೆ ಊರೇ ಉಸಿರು ಬಿಗಿಹಿಡಿದಿತ್ತು. ಹನ್ನೆರಡು ಎಂದರೆ ಹನ್ನೆರಡೇ ಇರಲಿ. ನಾಯಕ ಕಾಯಲಿ, ಕಾಯುವಷ್ಟರಲ್ಲಿ ಅವನ ತಲೆ ನರೆಯಲಿ.

ಹೊನಲು ಯಾಕೆ ಹರಿಯುತ್ತದೆ ಎಂಬುದನ್ನೂ ನೀನು ಹೇಳಿಲ್ಲ. ತ್ರಿಶಂಕುವಿನ ಕಥೆಯನ್ನು ನೆನೆಸಿಕೋ. ವಿಶ್ವಾಮಿತ್ರನ ಹಟವೊಂದಕ್ಕೆ ಹೊಸ ಸಪ್ತರ್ಷಿಗಳೇ ಹುಟ್ಟಿಕೊಂಡರು, ರಾಜ ತಲೆಕೆಳಗಾಗಿ ನಡುವೆಯೇ ನಿಂತ. ನಿನ್ನ ಹೊನಲಿನ ಹಿಂದೆ ಯಾರ ಹಟವಿದೆ, ಯಾರ ಅಳುವಿದೆ ಎಂದು ನಿನಗಾದರೂ ಗೊತ್ತಿರಲಿ. ಓದುವವರಿಗೆ ಹೇಳಲೇಬೇಕೆಂದೇನೂ ಇಲ್ಲ.

ಪರೀಕ್ಷೆ ಮುಗಿಸಿಕೊಂಡು ಏಪ್ರಿಲ್ ಕೊನೆಗೆ ಅಮ್ಮನನ್ನೂ ಕರೆದುಕೊಂಡು ಬಾ. ಆಗ ರಾತ್ರಿ ಹತ್ತರ ಸುಮಾರಿಗೆ ತೆಂಕಣ ದಿಕ್ಕಿನಲ್ಲಿ, ದಿಗಂತದಿಂದ ತುಸುವೇ ಮೇಲೆ, ನಾಲ್ಕು ಚುಕ್ಕಿಗಳ ತ್ರಿಶಂಕು ಕಾಣುತ್ತದೆ. ಸಮುದ್ರದ ದಂಡೆಗೆ ಹೋಗೋಣ, ಚಾಪೆ ನಾನು ತರುತ್ತೇನೆ. ಮುದುಕಿಯ ಅಧ್ಯಾಯವನ್ನು ನೀನು ತಾ. ನಿನ್ನ ಅಮ್ಮನೂ ಕೇಳಲಿ.

ನಿನ್ನ ದೊಡ್ಡಮ್ಮ