ಇದನ್ನು ಅಪ್ಪನಿಗೆ ಜೋರಾಗಿ ಓದಿ ಹೇಳು

ಪ್ರೀತಿಯ ಅಮ್ಮ,

ನಮಸ್ಕಾರ. ನಾನು ಇಲ್ಲಿ ಜರ್ಮನಿಯಲ್ಲಿ ಚೆನ್ನಾಗಿದ್ದೇನೆ. ಅಜ್ಜಿಯ ಗಂಟುನೋವು ಹೇಗಿದೆ, ಚೌತಿಗೆ ಸರಸಕ್ಕ ಬಂದಿದ್ದಳಾ, ಕೆಂಪಿ ಕರು ಹಾಕಿತಾ, ಎಲ್ಲ ಆಮೇಲೆ ಬರಿ. ಮೊದಲು ಅಪ್ಪನ ವಿಷಯ.

ನಿನ್ನ ಕಾಗದದ ಫೋಟೋ ತೆಗೆದು ಪುಟ್ಟ ಕಳಿಸಿದ. ಸಾಲಿಗೊಮ್ಮೆ ‘ನೀನು ಗಾಬರಿಯಾಗಬೇಡ’ ಎಂದು ಬರೆದಿದ್ದೀಯಲ್ಲ, ಅದನ್ನು ಓದಿಯೇ ಗಾಬರಿಯಾಯಿತು. ಫೋನ್ ಮಾಡಿದರೆ ಅಪ್ಪ ‘ಊಟ ಆಯ್ತಾ, ಅಲ್ಲಿ ಚಳಿ ಉಂಟಾ’ ಎಂದು ಕೇಳಿ ಫೋನನ್ನು ನಿನ್ನ ಕೈಗೆ ದಾಟಿಸುತ್ತಾರೆ, ನೀನು ಅವರ ಎದುರು ಬಾಯಿ ಬಿಡುವುದಿಲ್ಲ, ಅಷ್ಟರಲ್ಲಿ ರೇಂಜ್ ಹೋಗುತ್ತದೆ. ಅದಕ್ಕೇ ಬರೆಯುತ್ತಿದ್ದೇನೆ. ಪುಟ್ಟ ಪೆರ್ಲದಲ್ಲಿ ಪ್ರಿಂಟ್ ತೆಗೆಸಿ ತರಲಿ. ಅಪ್ಪ ಪೇಪರ್ ಅಡ್ಡ ಹಿಡಿದು ಕೂತರೂ ಬಿಡಬೇಡಿ, ಓದಿ.

ನನಗೆ ಅರ್ಥವಾದದ್ದು ಇಷ್ಟು. ಅಪ್ಪ ಗುಡ್ಡೆಗೆ ಹೋದರು. ಬನದ ಹತ್ತಿರ ಧೂಪದ ಮರದ ಬುಡದಲ್ಲಿ ದೊಡ್ಡ ಅಣಬೆ ಕಂಡಿತು. ಮಗುಚಿ ನೋಡಿದರೆ ಟೊಪ್ಪಿಯ ಅಡಿಯಲ್ಲಿ ತೆಳು ಪದರಗಳ ಎಸಳಿಲ್ಲ, ತೂತು ತೂತಿನ ಸ್ಪಂಜು. ‘ಅಡಿಯಲ್ಲಿ ಸ್ಪಂಜು ಇದ್ದರೆ ವಿಷ ಇಲ್ಲ ಅಂತ ಮಗಳೇ ಹೇಳಿದ್ದಾಳೆ’ ಎಂದು ಮನೆಗೆ ತಂದರು. ನೀನು ಅಡಿಗೆಮನೆಗೆ ಬಿಡಲಿಲ್ಲ. ತಾವೇ ಮೆಟ್ಟುಕತ್ತಿಯಲ್ಲಿ ಕೊಚ್ಚಿ, ಬಚ್ಚಲೊಲೆಯ ಮೇಲೆ ಬೇಯಿಸಿ, ಒಬ್ಬರೇ ತಿಂದರು. ರಾತ್ರಿ ವಾಂತಿ. ಮರುದಿನವೂ ಸುಸ್ತು. ಕೇಳಿದರೆ ಚೌತಿಯ ಕಡುಬು ಜಾಸ್ತಿಯಾಯಿತಂತೆ. ಕಡುಬು ತಿಂದು ವಾಂತಿ ಮಾಡಿದವರು ನಮ್ಮ ಮನೆಯಲ್ಲಿ ಈವರೆಗೆ ಯಾರೂ ಇಲ್ಲ.

ಅಮ್ಮ, ಒಂದು ಪ್ರಶ್ನೆಗೆ ಸರಿಯಾಗಿ ಉತ್ತರ ಬೇಕು. ತಿಂದದ್ದು ಎಷ್ಟು ಗಂಟೆಗೆ, ವಾಂತಿ ಶುರುವಾದದ್ದು ಎಷ್ಟು ಗಂಟೆಗೆ? ‘ರಾತ್ರಿ’ ಎಂದರೆ ಸಾಲದು. ತಿಂದು ಎರಡು ಮೂರು ಗಂಟೆಯೊಳಗೆ ಶುರುವಾಗಿದ್ದರೆ ಸಾಮಾನ್ಯವಾಗಿ ಅದು ಹೊಟ್ಟೆಯನ್ನು ಕೆಡಿಸುವ ಜಾತಿ, ಕಕ್ಕಿದ ಮೇಲೆ ಮುಗಿಯುತ್ತದೆ. ಆರು ಗಂಟೆ ದಾಟಿ, ಹತ್ತು ಹನ್ನೆರಡು ಗಂಟೆಯ ಮೇಲೆ ಶುರುವಾದರೆ ಕಥೆಯೇ ಬೇರೆ. ಅಂಥ ವಿಷದಲ್ಲಿ ಒಂದು ದಿನ ವಾಂತಿ ಭೇದಿಯಾಗಿ ನಿಲ್ಲುತ್ತದೆ, ಮನುಷ್ಯ ಎದ್ದು ಗಂಜಿ ಕುಡಿಯುತ್ತಾನೆ, ಮನೆಯವರೆಲ್ಲ ಅಬ್ಬ ಅನ್ನುತ್ತಾರೆ, ಆದರೆ ಒಳಗೆ ಲಿವರ್ ಹಾಳಾಗುತ್ತಾ ಇರುತ್ತದೆ. ಇಲ್ಲಿ ನಮ್ಮ ಆಸ್ಪತ್ರೆಯ ವಾರ್ಡಿನಲ್ಲಿ ಅಣಬೆಯ ಕೇಸು ಬಂದರೆ ಡಾಕ್ಟರು ಮೊದಲು ಕೇಳುವುದೇ ಗಂಟೆಯನ್ನು.

ಈಗ ವಾರದ ಮೇಲಾಯಿತು. ಅಪ್ಪ ತೋಟಕ್ಕೆ ಹೋಗುತ್ತಿದ್ದಾರೆ, ಕಣ್ಣು ಹಳದಿ ಆಗಿಲ್ಲ ಎಂದು ಪುಟ್ಟನೂ ಹೇಳಿದ. ಹಾಗಾದರೆ ಆ ದೊಡ್ಡ ವಿಷ ಆಗಿರಲಿಕ್ಕಿಲ್ಲ. ನೀನು ಹೆದರಬೇಡ. ಆದರೂ ರಕ್ತ ಪರೀಕ್ಷೆ ಮಾಡಿಸಲೇಬೇಕು. ಲಿವರಿನದ್ದೂ ಬೇಕು, ಕಿಡ್ನಿಯ ಕ್ರಿಯಾಟಿನಿನ್ ಕೂಡ ಬೇಕು. ಸಕ್ಕರೆ ಕಾಯಿಲೆಯ ಮಾತ್ರೆ ತಿನ್ನುವವರು ಹಾಗೆ ವಾಂತಿ ಮಾಡಿ ನೀರಿಲ್ಲದೆ ಮಲಗಿದರೆ ಕಿಡ್ನಿಗೆ ಏಟು ಬೀಳುತ್ತದೆ. ಮಂಗಳೂರು ದೂರವೆಂದರೆ ಬದಿಯಡ್ಕದ ಲ್ಯಾಬಿನಲ್ಲೇ ಮಾಡಿಸಿ. ದುಡ್ಡು ಪುಟ್ಟನ ಅಕೌಂಟಿಗೆ ಹಾಕಿದ್ದೇನೆ. ಅದನ್ನು ಪಂಪ್‌ಸೆಟ್ ರಿಪೇರಿಗೆ ಬಳಸಬಾರದು ಎಂದು ಅಪ್ಪನಿಗೆ ಹೇಳು.

ಇನ್ನು ‘ಮಗಳೇ ಹೇಳಿದ್ದಾಳೆ’ ಎನ್ನುವ ಮಾತು. ಅಪ್ಪಾ, ನಾನು ಹೇಳಿದ್ದು ಇಲ್ಲಿಯ ಕಾಡಿನ ವಿಷಯ, ಅದೂ ದೊಡ್ಡ ಕಥೆ. ನೀವು ಅದರ ಮೊದಲ ಸಾಲು ಕೇಳಿ ಗುಡ್ಡೆ ಹತ್ತಿದಿರಿ. ಈಗ ಪೂರ್ತಿ ಕೇಳಿ.

ನಮ್ಮ ಮನೆ ಮಾಲಕಿ ಅಜ್ಜಿಯ ಬಗ್ಗೆ ಹೇಳಿದ್ದೆನಲ್ಲ, ಎಂಬತ್ತರ ಹತ್ತಿರ ಬಂದರೂ ಸೈಕಲ್ ಬಿಡುವವರು. ಪಾಸೌ ಪೇಟೆಯಿಂದ ಸ್ವಲ್ಪ ಉತ್ತರಕ್ಕೆ ಹೋದರೆ ಬವೇರಿಯಾದ ಕಾಡು, ಸ್ಪ್ರೂಸ್ ಮತ್ತು ಬೀಚ್ ಮರಗಳು. ಅಜ್ಜಿಯ ಕೈಯಲ್ಲಿ ಬುಟ್ಟಿ, ಜೇಬಿನಲ್ಲಿ ಅಣಬೆಗೆಂದೇ ಮಾಡಿದ ಚಾಕು. ಅದರ ಒಂದು ತುದಿಯಲ್ಲಿ ಬ್ರಶ್ಶಿದೆ, ನಂಬುತ್ತೀರಾ! ಅಣಬೆಗೆ ನೀರು ತಾಗಿಸುವುದಿಲ್ಲ, ಮಣ್ಣನ್ನು ಬ್ರಶ್ಶಿನಲ್ಲಿ ಉಜ್ಜುತ್ತಾರೆ. ಇಲ್ಲಿ ಶ್ಟೈನ್‌ಪಿಲ್ಟ್ಸ್ ಎನ್ನುವ, ಇಟಲಿಯವರು ಪೊರ್ಚಿನಿ ಎನ್ನುವ ಅಣಬೆಗೆ ಎಲ್ಲಿಲ್ಲದ ಮರ್ಯಾದೆ. ಮೇಲೆ ಕಂದು ಟೊಪ್ಪಿ, ದಪ್ಪ ಹೊಟ್ಟೆಯ ಕಾಂಡ. ಅಡಿಯಲ್ಲಿ ನೀರುದೋಸೆಯ ಹಾಗೆ ಸಣ್ಣ ಸಣ್ಣ ತೂತು. ಎಳೆಯದಾದರೆ ತೂತುಗಳು ಬಿಳಿ, ಬೆಳೆದರೆ ಹಳದಿ, ಆಮೇಲೆ ಪಾಚಿ ಹಸಿರು. ಕೊಯ್ದರೆ ಒಳಗೆ ಬೆಳ್ಳಗೆ, ಬಣ್ಣ ಬದಲಾಗುವುದಿಲ್ಲ.

ಅಜ್ಜಿ ಮೊದಲು ಮಗುಚಿ ನೋಡುತ್ತಾರೆ. ಎಸಳಿದ್ದರೆ ನನ್ನಂಥ ಹೊಸಬಳು ಮುಟ್ಟುವಂತಿಲ್ಲ, ಏಕೆಂದರೆ ಜೀವ ತೆಗೆಯುವ ಅಮನೈಟಾ ಎಸಳಿನದು. ಹಸಿರು ಛಾಯೆಯ ಟೊಪ್ಪಿ, ಬಿಳಿ ಎಸಳು, ಕಾಂಡಕ್ಕೊಂದು ಉಂಗುರ, ಬುಡದಲ್ಲಿ ಚೀಲ. ಯುರೋಪಿನಲ್ಲಿ ಅಣಬೆ ತಿಂದು ಸತ್ತವರಲ್ಲಿ ಹೆಚ್ಚಿನವರು ಇದರಿಂದಲೇ. ಬೇಯಿಸಿದರೂ ಇದರ ವಿಷ ಹೋಗುವುದಿಲ್ಲ. ‘ಸ್ಪಂಜು ಇದ್ದರೆ ಪರವಾಗಿಲ್ಲ’ ಎಂಬ ಮಾತು ಹುಟ್ಟಿದ್ದು ಇಲ್ಲಿ. ಅದು ಜೀವ ಉಳಿಸಿಕೊಳ್ಳುವ ಲೆಕ್ಕ, ಹೊಟ್ಟೆ ಉಳಿಸಿಕೊಳ್ಳುವುದಕ್ಕೆ ಬೇರೆ ಲೆಕ್ಕ ಉಂಟು.

ಸ್ಪಂಜಿನವುಗಳಲ್ಲೇ ಶ್ಟೈನ್‌ಪಿಲ್ಟ್ಸಿಗೆ ಒಂದು ಅವಳಿ ಇದೆ, ಹೆಸರೇ ಪಿತ್ತದ ಅಣಬೆ. ಅದೇ ಕಾಡು, ಅದೇ ಕಂದು ಟೊಪ್ಪಿ. ಅಜ್ಜಿ ಎರಡನ್ನೂ ಪಕ್ಕಪಕ್ಕ ಇಟ್ಟು ನನ್ನ ಕನ್ನಡಕ ಒರೆಸಿಕೊಳ್ಳಲು ಹೇಳಿದರು. ಕಾಂಡದ ಮೇಲ್ಭಾಗ ನೋಡಬೇಕು. ಒಳ್ಳೆಯದರಲ್ಲಿ ತೆಳು ಕಂದಿನ ಮೇಲೆ ಬಿಳಿ ಬಲೆ, ಸಣ್ಣ ಸಣ್ಣ ಕಣ್ಣಿನದು, ಬೆಳಕಿಗೆ ಓರೆ ಹಿಡಿದರೆ ಚೆನ್ನಾಗಿ ಕಾಣುತ್ತದೆ. ಕಹಿಯದರಲ್ಲಿ ಬಲೆ ಕಡು ಕಂದು, ಎದ್ದು ಕಾಣುತ್ತದೆ, ಬೆರಳಿಗೂ ತಾಗುತ್ತದೆ. ಬೆಳೆದ ಮೇಲೆ ಅದರ ಸ್ಪಂಜು ನಸುಗುಲಾಬಿಗೆ ತಿರುಗುತ್ತದೆ. ಎಳೆಯದರಲ್ಲಿ ಗುಲಾಬಿ ಇರುವುದಿಲ್ಲ, ಮೋಸ ಹೋಗುವುದು ಅಲ್ಲೇ. ಒಂದು ಚೂರು ನಾಲಗೆಗೆ ಮುಟ್ಟಿಸಿ ಉಗಿದೆ. ಕಹಿ ಎಂದರೆ ಕಹಿ! ಬಾಯಿ ತೊಳೆದರೂ ಹೋಗಲಿಲ್ಲ. ಇದು ಕೊಲ್ಲುವುದಿಲ್ಲ, ಆದರೆ ಒಂದೇ ಒಂದು ಬಿದ್ದರೆ ಇಡೀ ಬಾಣಲೆಯನ್ನು ಚೆಲ್ಲಬೇಕು. ಈ ನಾಲಗೆಯ ಪರೀಕ್ಷೆಯನ್ನು ಅಲ್ಲಿ ಮಾಡಬೇಡಿ, ಅಪ್ಪಾ. ನಿಮ್ಮನ್ನು ಬಲ್ಲೆ, ಅದಕ್ಕೇ ಹೇಳುತ್ತಿದ್ದೇನೆ.

ನೀಲಿಯಾಗುವುದರ ಕಥೆ ಇನ್ನೂ ಗೋಜಲು. ಒಂದಿದೆ, ಮಾಟಗಾತಿಯ ಅಣಬೆ ಎಂದೇ ಕರೆಯುತ್ತಾರೆ. ಸ್ಪಂಜು ಕೆಂಪು. ಕೊಯ್ದ ಕೂಡಲೇ ಒಳಗಿನ ಹಳದಿ ಕಡು ನೀಲಿಯಾಗುತ್ತದೆ, ಕಣ್ಣೆದುರೇ. ನೋಡಿದರೆ ಯಾರೂ ಬಾಯಿಗಿಡುವ ವಸ್ತುವಲ್ಲ. ಅಜ್ಜಿ ಅದನ್ನು ಚೆನ್ನಾಗಿ ಬೇಯಿಸಿ ಚಪ್ಪರಿಸಿಕೊಂಡು ತಿನ್ನುತ್ತಾರೆ. ಸೈತಾನನ ಅಣಬೆಯ ಸ್ಪಂಜೂ ಕೆಂಪು, ಅದೂ ನೀಲಿಯಾಗುತ್ತದೆ, ಆದರೆ ತಿಂದರೆ ಆಸ್ಪತ್ರೆಯೇ. ಅದರ ಟೊಪ್ಪಿ ಸುಣ್ಣದ ಬಿಳಿ, ಸುಣ್ಣದ ಮಣ್ಣಿನಲ್ಲೇ ಬೆಳೆಯುತ್ತದೆ, ಹಳೆಯದಾದರೆ ಸತ್ತ ಪ್ರಾಣಿಯ ವಾಸನೆ. ನಮ್ಮ ಈ ಕಡೆ ಗ್ರಾನೈಟಿನ ನೆಲ, ನಾನು ನೋಡಿದ್ದು ಚಿತ್ರದಲ್ಲಿ ಮಾತ್ರ. ಅಂದರೆ ನೀಲಿಯಾದರೆ ವಿಷ ಎಂದೂ ಇಲ್ಲ, ಆಗದಿದ್ದರೆ ಒಳ್ಳೆಯದು ಎಂದೂ ಇಲ್ಲ. ನೀವು ಬೆಳ್ಳಿ ಲೋಟ ಮುಳುಗಿಸಿ ಕಪ್ಪಾಗಲಿಲ್ಲ ಎಂದು ಅಮ್ಮನಿಗೆ ತೋರಿಸಿದಿರಂತಲ್ಲ, ಅದೂ ಸುಮ್ನೆ. ಅಮನೈಟಾದ ವಿಷಕ್ಕೂ ಬೆಳ್ಳಿ ಕಪ್ಪಾಗುವುದಿಲ್ಲ. ಬಸವನಹುಳು ತಿಂದಿತ್ತು ಎಂಬುದೂ ಲೆಕ್ಕಕ್ಕಿಲ್ಲ. ಹುಳುವಿನ ಹೊಟ್ಟೆ ಬೇರೆ, ನಮ್ಮದು ಬೇರೆ.

ಇಲ್ಲಿಯ ಜನಕ್ಕೆ ಇದೆಲ್ಲ ಗೊತ್ತಿರುವುದು ಅವರು ಬುದ್ಧಿವಂತರೆಂದಲ್ಲ. ತಲೆಮಾರುಗಳಿಂದ ತಿಂದು, ವಾಂತಿ ಮಾಡಿ, ಬರೆದಿಟ್ಟಿದ್ದಾರೆ. 1921ರಿಂದ ಇವರಿಗೊಂದು ಅಣಬೆಶಾಸ್ತ್ರದ ಸಂಘವಿದೆ, ಅದರ ಪರೀಕ್ಷೆ ಪಾಸಾದ ಸಲಹೆಗಾರರು ಊರೂರಲ್ಲಿ ಇದ್ದಾರೆ. ಬುಟ್ಟಿ ತೆಗೆದುಕೊಂಡು ಹೋದರೆ ಒಂದೊಂದನ್ನೇ ನೋಡಿ ಹೇಳುತ್ತಾರೆ. ಅಷ್ಟಿದ್ದರೂ 2015ರಲ್ಲಿ ಸಿರಿಯಾದಿಂದ ಬಂದ ಕೆಲವರು ತಮ್ಮ ಊರಲ್ಲಿ ತಿನ್ನುತ್ತಿದ್ದ ಅಣಬೆಯೇ ಎಂದುಕೊಂಡು ಅಮನೈಟಾ ತಿಂದು ಆಸ್ಪತ್ರೆ ಸೇರಿದರು. ಆಮೇಲೆ ಅರಬ್ಬಿ ಭಾಷೆಯಲ್ಲೂ ಎಚ್ಚರಿಕೆಯ ಪೋಸ್ಟರ್ ಬಂತು. ಅವರೇನು ದಡ್ಡರಲ್ಲ. ಅವರ ಊರಿನ ಲೆಕ್ಕ ಇಲ್ಲಿ ನಡೆಯಲಿಲ್ಲ, ಅಷ್ಟೇ. ಇಲ್ಲಿಯ ಲೆಕ್ಕವೂ ನಮ್ಮ ಗುಡ್ಡೆಯಲ್ಲಿ ನಡೆಯುವುದಿಲ್ಲ. ಚೀನಾದ ಯುನ್ನಾನಿನಲ್ಲಿ ಸ್ಪಂಜಿನ ಅಣಬೆಯೊಂದನ್ನು ಅರೆಬೇಯಿಸಿ ತಿಂದವರಿಗೆ ಕುಳ್ಳ ಕುಳ್ಳ ಮನುಷ್ಯರು ಓಡಾಡುವುದು ಕಾಣಿಸುತ್ತದಂತೆ. (ಪುಟ್ಟ, ನಗಬೇಡ. ನಿನಗೂ ಇದೇ ಮಾತು.)

ನಮ್ಮಲ್ಲಿ ನಮಗೆ ಗೊತ್ತಿರುವುದು ಹುತ್ತದ ಅಣಬೆ ಮತ್ತು ಕಲ್ಲಣಬೆ. ದೊಡ್ಡಮ್ಮ ಗುರುತು ಹಿಡಿದು ತಂದದ್ದನ್ನು ಎಷ್ಟು ಬೇಕಾದರೂ ತಿನ್ನಿ, ಗಸಿ ಮಾಡಿದರೆ ನನ್ನ ಪಾಲಿಗೂ ಒಂದು ಸೌಟು ಜಾಸ್ತಿ ತಿನ್ನಿ. ದೊಡ್ಡಮ್ಮನಿಗೇ ಹೆಸರು ಗೊತ್ತಿಲ್ಲದ್ದು ಮನೆಗೆ ಬರಬಾರದು.

ಮತ್ತೆ, ಒಣಗಿಸಿದ ಶ್ಟೈನ್‌ಪಿಲ್ಟ್ಸಿನ ಬೆಲೆ ಕೇಳಿ ಅಪ್ಪ ಅಡಿಕೆ ತೋಟದ ಬದಿಯಲ್ಲಿ ಬೆಳೆಸಬಹುದಾ ಎಂದಿದ್ದರಲ್ಲ. ಆಗುವುದಿಲ್ಲ. ಅದು ಜೀವಂತ ಮರದ ಬೇರಿಗೆ ಅಂಟಿಕೊಂಡು, ಕೊಟ್ಟು ತೆಗೆದುಕೊಂಡು ಬದುಕುವ ಜಾತಿ. ಸ್ಪ್ರೂಸ್, ಬೀಚ್, ಓಕ್ ಮರಗಳು ಬೇಕು. ಅಡಿಕೆ ಮರದ ಜೊತೆ ಅದಕ್ಕೆ ಸಂಬಂಧ ಕೂಡುವುದಿಲ್ಲ. ಇಲ್ಲಿಯವರಿಗೇ ತೋಟದಲ್ಲಿ ಬೆಳೆಸಲು ಬಂದಿಲ್ಲ, ಎಲ್ಲ ಕಾಡಿನದ್ದೇ. ಅದನ್ನೂ ಮನೆಖರ್ಚಿಗೆ ಬೇಕಾದಷ್ಟೇ ಕೊಯ್ಯಬೇಕು, ತಲೆಗೆ ದಿನಕ್ಕೆ ಸುಮಾರು ಒಂದು ಕಿಲೋ. ಮೀರಿದರೆ ದಂಡ. ಕಾಡಿಗೂ ರೇಷನ್!

ನನ್ನ ಬಗ್ಗೆ ಚಿಂತೆ ಬೇಡ. ಅಜ್ಜಿ ನೋಡದೆ ಒಂದು ಚೂರನ್ನೂ ನಾನು ಬಾಯಿಗಿಡುವುದಿಲ್ಲ. 1986ರ ಚೆರ್ನೋಬಿಲ್ ಅಣುಸ್ಥಾವರ ಸ್ಫೋಟದ ಮೋಡ ಮಳೆಯಾಗಿ ಬಿದ್ದದ್ದು ಈ ಕಡೆಗೇ ಎಂದು ಪುಟ್ಟ ನಿನಗೆ ಓದಿ ಹೇಳಿ ಹೆದರಿಸಿದನಂತೆ. ನಿಜ. ಮಣ್ಣಿನಲ್ಲಿ ಸೀಸಿಯಂ ಎಂಬ ವಿಕಿರಣದ ವಸ್ತು ಈಗಲೂ ಇದೆ, ಅದು ಅರ್ಧಕ್ಕೆ ಇಳಿಯಲು 30 ವರ್ಷ ಬೇಕು. ಅಣಬೆ ಅದನ್ನು ಹೀರಿಕೊಳ್ಳುತ್ತದೆ. ಮುಟ್ಟಿದರೆ ನೀಲಿಯಾಗುವ ಕಂದು ಟೊಪ್ಪಿಯ ಇನ್ನೊಂದು ಜಾತಿಯಲ್ಲಿ ಜಾಸ್ತಿ, ಶ್ಟೈನ್‌ಪಿಲ್ಟ್ಸಿನಲ್ಲಿ ಕಡಿಮೆ. ಕಿಲೋಗೆ 600 ಬೆಕ್ವೆರೆಲ್ (ವಿಕಿರಣದ ಅಳತೆ) ಮೀರಿದರೆ ಮಾರುವಂತಿಲ್ಲ. ಆಗೊಮ್ಮೆ ಈಗೊಮ್ಮೆ ತಿಂದರೆ ಏನೂ ಆಗುವುದಿಲ್ಲ, ಏನೇನೂ ಆಗುವುದಿಲ್ಲ. ಗೇರು ತೋಪಿಗೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಕೀಟನಾಶಕ ಸುರಿಯುವುದನ್ನು 2000ದವರೆಗೆ ನೋಡಿದ ಊರಿನವರು ನಾವು. ಇಲ್ಲಿ ಅಳೆದಾದರೂ ಹೇಳುತ್ತಾರಲ್ಲ.

ಅಟ್ಟದಲ್ಲಿ ಅಪ್ಪ ಒಣಗಲು ಇಟ್ಟಿದ್ದಾರೆ ಎಂದೆಯಲ್ಲ, ಉಳಿದ ತುಂಡುಗಳು. ಒಣಗಿದರೆ ವಿಷ ಹೋಗುತ್ತದೆ ಎಂದು ಯಾರು ಹೇಳಿದರೋ! ಫೋಟೋ ತೆಗೆದಿಟ್ಟುಕೊಳ್ಳಲಿ, ಒಂದು ತುಂಡನ್ನು ಕಾಗದದಲ್ಲಿ ಸುತ್ತಿ ಡಾಕ್ಟರಿಗೆ ತೋರಿಸಲಿ. ಉಳಿದದ್ದನ್ನು ಗುಂಡಿ ತೆಗೆದು ಹುಗಿದುಬಿಡಿ. ಗೊಬ್ಬರದ ಗುಂಡಿಗೆ ಬೇಡ, ಕೆಂಪಿ ಮೂತಿ ಹಾಕುತ್ತಾಳೆ.

ಬಸ್ಸಿಗೆ ಹೊತ್ತಾಯಿತು, ಈ ವಾರ ರಾತ್ರಿ ಡ್ಯೂಟಿ. ಸರಸಕ್ಕನ ನಾದಿನಿ ಮಗನ ಜಾತಕದ ವಿಷಯ ಈಗ ಬೇಡ. ಅಜ್ಜಿಗೆ ನಮಸ್ಕಾರ. ಸೋಮವಾರ ಬೆಳಗ್ಗೆ ಖಾಲಿ ಹೊಟ್ಟೆಯಲ್ಲಿ ಲ್ಯಾಬಿಗೆ ಹೋಗಬೇಕು. ರಿಪೋರ್ಟ್ ಬಂದ ಕೂಡಲೇ ಪುಟ್ಟ ಫೋಟೋ ಕಳಿಸಲಿ, ಎರಡೂ ಪುಟ. ಗಂಟೆ ಎಷ್ಟೆಂದು ಬರೆಯಲು ಮರೆಯಬೇಡ.

ನಿನ್ನ,
ವೀಣಾ