ಲೂಯಿಸ್ ಫರಾಂಕ್ ‘ಮೊದಲ ಮಹಿಳೆ’ ಅಲ್ಲ

ಮಾನ್ಯ ಸಂಪಾದಕರೇ,

ಪ್ಯಾರಿಸ್‌ನ ಸಂಯೋಜಕಿ, ಪಿಯಾನೊ ಶಿಕ್ಷಕಿ ಲೂಯಿಸ್ ಫರಾಂಕ್ (1804–1875) ಕುರಿತು ಸಾಪ್ತಾಹಿಕ ಪುರವಣಿಯಲ್ಲಿ ಬಂದ ಲೇಖನ ಓದಿ ಸಂತೋಷವಾಯಿತು. ಕನ್ನಡ ಪತ್ರಿಕೆಗಳಲ್ಲಿ ಆ ಹೆಸರು ಕಾಣುವುದೇ ಅಪರೂಪ. ಆದರೆ ಎರಡು ತಿದ್ದುಪಡಿ ಅಗತ್ಯ. ಅವರ ಪಾಠದ ವಿಷಯ ಲೇಖನದಲ್ಲಿ ಪೂರ್ತಿ ಬಿಟ್ಟುಹೋಗಿದೆ, ಅದನ್ನೂ ಹೇಳಲೇಬೇಕು.

ಪ್ಯಾರಿಸ್ ಕನ್ಸರ್ವೇಟರಿ ಎಂಬ ಸಂಗೀತ ಕಾಲೇಜಿನಲ್ಲಿ ಪ್ರಾಧ್ಯಾಪಕಿಯಾದ ಮೊದಲ ಮಹಿಳೆ ಫರಾಂಕ್ ಎಂದು ಬರೆದಿದ್ದೀರಿ. ಅಲ್ಲ. ಸಂಸ್ಥೆ ಹುಟ್ಟಿದ 1795ರಲ್ಲೇ ಎಲೆನ್ ದ ಮಾಂಜೆರೂ ಅಲ್ಲಿ ಪಿಯಾನೊ ಪ್ರಾಧ್ಯಾಪಕಿಯಾಗಿದ್ದರು, ಅದೂ ಗಂಡುಮಕ್ಕಳ ತರಗತಿಗೆ. 47 ವರ್ಷಗಳ ನಂತರ, 1842ರಲ್ಲಿ ಸೇರಿದ ಫರಾಂಕ್ ಅವರಿಗೆ ಕೊಟ್ಟಿದ್ದು ಹೆಣ್ಣುಮಕ್ಕಳ ತರಗತಿ ಮಾತ್ರ. ಒಮ್ಮೆ ತೆರೆದಿದ್ದ ಬಾಗಿಲು ಆ ಹೊತ್ತಿಗೆ ಅರ್ಧ ಮುಚ್ಚಿತ್ತು. ‘ಮೊದಲಿಗರು’ ಎಂದುಬಿಟ್ಟರೆ ಈ ಹಿಂದಡಿ ಯಾರಿಗೂ ಗೊತ್ತಾಗುವುದಿಲ್ಲ.

ಇನ್ನೊಂದು, ಸಂಬಳದ ವಿಷಯ. ಅವರ ‘ನೊನೆಟ್’ (ಒಂಬತ್ತು ವಾದ್ಯಗಳ ಕೃತಿ) ಗೆದ್ದಿತು, ಸಮಾನ ವೇತನ ತಾನಾಗಿಯೇ ಬಂತು ಎನ್ನುವಂತೆ ಲೇಖನ ಹೇಳುತ್ತದೆ. ಹಾಗಲ್ಲ. ಗಂಡಸರಿಗಿಂತ ಕಡಿಮೆ ಸಂಬಳಕ್ಕೆ ಅವರು 8 ವರ್ಷ ಪಾಠ ಹೇಳಿದ್ದರು. 1850ರಲ್ಲಿ ನೊನೆಟ್‌ನ ಮೊದಲ ಪ್ರದರ್ಶನ ನಡೆಯಿತು. ಪಿಟೀಲು ನುಡಿಸಿದ್ದು ಆಗಿನ್ನೂ 18ರ ಯೋಸೆಫ್ ಯೋಆಖಿಮ್, ಮುಂದೆ ಹೆಸರಾಂತ ಪಿಟೀಲು ವಾದಕ. ಅದೇ ವರ್ಷ ಫರಾಂಕ್ ಕನ್ಸರ್ವೇಟರಿಯ ನಿರ್ದೇಶಕ ಓಬೇರ್ ಅವರಿಗೆ ಪತ್ರ ಬರೆದು ಕೇಳಿದರು, ಕೇಳಿದ ಮೇಲೆ ಸಿಕ್ಕಿತು.

ಆ ನೊನೆಟ್ ಬರೆಯುವುದೂ ಸುಲಭದ ಮಾತಲ್ಲ. ಕೊಳಲು, ಓಬೊ, ಕ್ಲ್ಯಾರಿನೆಟ್, ಬಸೂನ್, ಹಾರ್ನ್ ಒಂದು ಕಡೆ. ಪಿಟೀಲು, ವಿಯೋಲ, ಚೆಲೊ, ಡಬಲ್ ಬಾಸ್ ಇನ್ನೊಂದು ಕಡೆ. ಒಂದೊಂದೂ ಒಂಟಿ ವಾದ್ಯ. ಸ್ವಲ್ಪ ಎಚ್ಚರ ತಪ್ಪಿದರೂ ಹಾರ್ನ್ ಅಬ್ಬರದಲ್ಲಿ ವಿಯೋಲ ಕೇಳಿಸುವುದೇ ಇಲ್ಲ. ಅದರಲ್ಲಿ ಪಿಯಾನೊ ಇಲ್ಲವೆಂಬುದನ್ನು ಗಮನಿಸಿ. ದೊಡ್ಡ ಪಿಯಾನೊ ವಾದಕಿ ತನ್ನ ವಾದ್ಯವನ್ನೇ ಬಿಟ್ಟು ಬರೆದ ಕೃತಿ ಅದು.

ಈಗ ಪಾಠದ ವಿಷಯಕ್ಕೆ ಬರುತ್ತೇನೆ. ಅವರ ಓಪಸ್ (ಕೃತಿ ಸಂಖ್ಯೆ) 26ರಲ್ಲಿ 30 ಎತ್ಯೂಡ್‌ಗಳಿವೆ (ಅಭ್ಯಾಸ ಕೃತಿಗಳು), ಮೇಜರ್ ಮೈನರ್ ಸೇರಿ 24 ಶ್ರುತಿಗಳಲ್ಲೂ. ಎಲ್ಲ ಬಿಳಿ ಕೀಗಳ ಸಿ ಮೇಜರ್‌ನಲ್ಲಷ್ಟೇ ಪಳಗಿದ ಕೈ ಎಫ್ ಶಾರ್ಪ್ ಮೇಜರ್‌ಗೆ ಬಂದರೆ ತಡವರಿಸುತ್ತದೆ. ಅಲ್ಲಿ ಏಳು ಸ್ವರಗಳಲ್ಲಿ ಐದು ಕಪ್ಪು ಕೀ, ಹೆಬ್ಬೆರಳಿಗೆ ಸಿಗುವ ಬಿಳಿ ಕೀ ಎರಡೇ. ಬಲಗೈಯಲ್ಲಿ 2-3-4ನೇ ಬೆರಳು (ತೋರು, ಮಧ್ಯ, ಉಂಗುರ) ಕಪ್ಪಿನ ಮೇಲಿರುವಾಗಲೇ ಹೆಬ್ಬೆರಳು ಅಡಿಯಿಂದ ನುಸುಳಿ ‘ಬಿ’ ಸ್ವರದ ಮೇಲೆ ಸಿದ್ಧವಾಗಿರಬೇಕು. ತಡವಾದರೆ ಮಣಿಕಟ್ಟು ಎಗರುತ್ತದೆ, ಸ್ವರ ಕುಟ್ಟಿದಂತೆ ಕೇಳುತ್ತದೆ. ಎಲ್ಲ ಶ್ರುತಿಗಳಲ್ಲೂ ಸಾಧನೆ ಮಾಡದೆ ಇದು ಹೋಗುವುದಿಲ್ಲ. 1845ರಲ್ಲಿ ಕನ್ಸರ್ವೇಟರಿ ಈ ಎತ್ಯೂಡ್‌ಗಳನ್ನು ಪಿಯಾನೊ ತರಗತಿಗಳಿಗೆಲ್ಲ ಪಠ್ಯವಾಗಿಸಿತು. ಫರಾಂಕ್ ಕಾಲಿಡಲಾಗದ ಹುಡುಗರ ತರಗತಿಗೂ ಅವರ ಪುಸ್ತಕ ಹೋಯಿತು.

ಮಗಳು ವಿಕ್ಟೊರಿನ್ ಅವರ ಶಿಷ್ಯೆಯೂ ಹೌದು. 1844ರಲ್ಲಿ ಕನ್ಸರ್ವೇಟರಿಯ ಮೊದಲ ಬಹುಮಾನ ಪಡೆದ ಆಕೆ 1859ರಲ್ಲಿ ತೀರಿಕೊಂಡಳು. ತಾಯಿ ಆಮೇಲೆ ದೊಡ್ಡ ಕೃತಿಗೆ ಕೈ ಹಾಕಲಿಲ್ಲ. ಗಂಡ ಅರಿಸ್ತೀದ್ ಜೊತೆ 1861ರಲ್ಲಿ ಹಳೆಯ ಕೀಬೋರ್ಡ್ ಸಂಗೀತದ ಸಂಗ್ರಹ ‘ಪಿಯಾನೊ ವಾದಕರ ಭಂಡಾರ’ ಹೊರತರಲು ಆರಂಭಿಸಿದರು. 1865ರಲ್ಲಿ ಗಂಡನೂ ಹೋದ ಮೇಲೆ ಒಬ್ಬರೇ ಅದನ್ನು ಮುಗಿಸಿದರು. ಒಟ್ಟು 23 ಸಂಪುಟ.

ಹಳೆಯ ಅಲಂಕಾರ ಚಿಹ್ನೆಗಳನ್ನು ಹೇಗೆ ನುಡಿಸಬೇಕೆಂಬ ವಿವರಣೆ ಅದರಲ್ಲಿದೆ. ಇದರ ಬೆಲೆ ಕಲಿಸುವವರಿಗೆ ಗೊತ್ತು. ಹಳೆಯ ಫ್ರೆಂಚ್ ಸಂಯೋಜಕ ಕೂಪ್ರಾ ಅವರ ಕೃತಿಯಲ್ಲಿ ‘ಡಿ’ ಮೇಲೆ ಟ್ರಿಲ್ (ಪಕ್ಕದ ಎರಡು ಸ್ವರಗಳ ವೇಗದ ಅದಲುಬದಲು) ಇದ್ದರೆ ಮೇಲಿನ ‘ಇ’ ಸ್ವರದಿಂದ, ಸರಿಯಾಗಿ ತಾಳದ ಪೆಟ್ಟಿಗೇ ಎತ್ತಿಕೊಳ್ಳಬೇಕು. ಕೆಳಗೆ ನುಡಿಯುವ ಬಾಸ್ ಸ್ವರದೊಂದಿಗೆ ಆ ‘ಇ’ ಕ್ಷಣಕಾಲ ಘರ್ಷಿಸಿ, ‘ಡಿ’ಗೆ ಇಳಿದಾಗ ಹಿತವಾಗುತ್ತದೆ. ‘ಡಿ’ಯಿಂದಲೇ ಶುರು ಮಾಡಿದರೆ ಆ ಸೆಳೆತವೇ ಇಲ್ಲ, ಗಮಕವಿಲ್ಲದ ತೋಡಿಯ ಹಾಗೆ. ಫರಾಂಕ್ ಅವರಿಗೆ ಪಾಠ ಹೇಳಿದ ಹುಮ್ಮೆಲ್ 1828ರ ತಮ್ಮ ಪಿಯಾನೊ ಬೋಧನಾ ಗ್ರಂಥದಲ್ಲಿ ಟ್ರಿಲ್ ಅನ್ನು ಮೂಲಸ್ವರದಿಂದ ಆರಂಭಿಸಿ ಎಂದಿದ್ದರು. ಕಾಲ ಬದಲಾದಂತೆ ಹಳೆಯ ಕ್ರಮ ಮರೆಯಾಗುತ್ತಿತ್ತು. ಅದನ್ನು ಹುಡುಕಿ ತೆಗೆದ ಕೆಲಸ ಯಾವ ಸಂಯೋಜನೆಗೂ ಕಡಿಮೆಯಲ್ಲ ಎಂದು ನನ್ನ ಅಭಿಪ್ರಾಯ.

ಇಷ್ಟಾದರೂ ಮರೆತುಹೋದರಲ್ಲ ಎಂದು ಲೇಖಕರು ಕೇಳಿದ್ದಾರೆ. ಆಗಿನ ಪ್ಯಾರಿಸ್‌ನಲ್ಲಿ ಹೆಸರು ಬರುತ್ತಿದ್ದುದು ಆಪೆರಾದಿಂದ; ಅವರು ಒಂದು ಆಪೆರಾವನ್ನೂ ಬರೆಯಲಿಲ್ಲ. ಮೂರು ಸಿಂಫನಿಗಳು ಅವರ ಜೀವಿತಕಾಲದಲ್ಲಿ ಅಚ್ಚಾಗಲಿಲ್ಲ, ಹಸ್ತಪ್ರತಿಯಲ್ಲೇ ಉಳಿದವು. ಪ್ರತಿ ಇಲ್ಲದ ಕೃತಿಯನ್ನು ಬೇರೆ ಊರಿನ ಆರ್ಕೆಸ್ಟ್ರಾ ನುಡಿಸುವುದಾದರೂ ಹೇಗೆ?

ಇಲ್ಲಿ ಪಿಯಾನೊ ಕಲಿಸುವವರು ಮೊದಲು ಓಪಸ್ 50ರ 25 ಸುಲಭ ಎತ್ಯೂಡ್‌ಗಳನ್ನು ಮಕ್ಕಳ ಕೈಗೆ ಕೊಡಲಿ, ಕೈ ಪಳಗಿದ ಮೇಲೆ ಓಪಸ್ 26. ಇವುಗಳ ಮೇಲೆ ಹಕ್ಕುಸ್ವಾಮ್ಯ ಎಂದೋ ಮುಗಿದಿದೆ. ಕೇಳುಗರು ಜಿ ಮೈನರ್‌ನ ಮೂರನೇ ಸಿಂಫನಿಯಿಂದ ಶುರು ಮಾಡಬಹುದು.

– ಪಿಯಾನೊ ಶಿಕ್ಷಕಿ, ಮೈಸೂರು