ಗೃಹ ಸಚಿವರೇ, ಜಾಮೀನಿನ ಜೊತೆ ಆಸ್ತಿ ಕಡೆಗೂ ನೋಡಿ

ಮಾನ್ಯ ಗೃಹ ಸಚಿವರಿಗೆ,

ನಮಸ್ಕಾರ. ನಾನು ತಾಲ್ಲೂಕು ಪಟ್ಟಣವೊಂದರಲ್ಲಿ ಟೈಲರಿಂಗ್ ಅಂಗಡಿ ಇಟ್ಟುಕೊಂಡವನು. ದಿನಾ ಸಂಜೆ ಪಿಗ್ಮಿ ಕಟ್ಟುತ್ತಿದ್ದೆ. ಕಟ್ಟುತ್ತಿದ್ದ ಪತ್ತಿನ ಸಹಕಾರ ಸಂಘ ಈಗ ಬಾಗಿಲು ಹಾಕಿದೆ. ಬ್ಯಾಂಕಾಗಿದ್ದರೆ 5 ಲಕ್ಷದವರೆಗೆ ಠೇವಣಿ ವಿಮೆಯಾದರೂ ಇರುತ್ತಿತ್ತು. ನಮ್ಮಂಥ ಸಂಘಗಳಿಗೆ ಅದೂ ಇಲ್ಲ.

ಠೇವಣಿ ಹಣದ ವಂಚನೆ ಕೇಸಿನಲ್ಲಿ ಸಂಘದ ಅಧ್ಯಕ್ಷರಿಗೂ ಇಬ್ಬರು ನಿರ್ದೇಶಕರಿಗೂ ನಿರೀಕ್ಷಣಾ ಜಾಮೀನು, ಅಂದರೆ ಬಂಧನಕ್ಕೆ ಮುಂಚೆಯೇ ಪಡೆಯುವ ಜಾಮೀನು, ಸಿಕ್ಕಿದೆ. ದುಡ್ಡು ತಿಂದವರಿಗೆ ಇಂಥ ಜಾಮೀನೇ ಇರಬಾರದು ಅಂತ ಊರೆಲ್ಲ ಮಾತಾಡುತ್ತಿದೆ. ನಾನು ಅದನ್ನು ಕೇಳೋಕೆ ಬರೆಯುತ್ತಿಲ್ಲ. ಎಫ್‌ಐಆರ್‌ನಲ್ಲಿ ಸಂಘದ ಗುಮಾಸ್ತನ ಹೆಸರೂ ಇದೆ. ಹೇಳಿದ ಕಡೆ ಸಹಿ ಹಾಕಿದ ಹುಡುಗ. ಆ ಜಾಮೀನು ಎಲ್ಲರಿಗಿಂತ ಜಾಸ್ತಿ ಬೇಕಾದದ್ದು ಅವನಿಗೆ. ಸಹಕಾರ ಸಂಘದ ಚುನಾವಣೆ ಸೋತವರು ಗೆದ್ದವರ ಮೇಲೆ ಕೇಸು ಹಾಕಿಸುವುದೂ ನಿಮಗೆ ಗೊತ್ತಿಲ್ಲದ್ದೇನಲ್ಲ. 1980ರಲ್ಲಿ ಗುರ್ಬಕ್ಷ್ ಸಿಂಗ್ ಸಿಬ್ಬಿಯಾ ಕೇಸಿನಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳು ಈ ಜಾಮೀನನ್ನು ಮನುಷ್ಯನ ಸ್ವಾತಂತ್ರ್ಯದ ಜೊತೆ ಇಟ್ಟು ನೋಡಿದ್ದು ಸುಮ್ನೆ ಅಲ್ಲ.

ನನ್ನ ದೂರು ಬೇರೆ. ಜಾಮೀನು ಅರ್ಜಿಯ ದಿನ ನಾವು ಹತ್ತಾರು ಜನ ಕೋರ್ಟ್ ಹಾಲಿನ ಹಿಂದೆ ನಿಂತಿದ್ದೆವು. ಸರ್ಕಾರಿ ವಕೀಲರ ಕೈಯಲ್ಲಿ ಎಫ್‌ಐಆರ್ ಪ್ರತಿ ಬಿಟ್ಟರೆ ಏನೂ ಇರಲಿಲ್ಲ. ತಕರಾರು ಸಲ್ಲಿಸಲು ಸಮಯ ಬೇಕು ಅಂದರು. ಅಲ್ಲಿಯವರೆಗೆ ಮಧ್ಯಂತರ ಜಾಮೀನು ಆಯಿತು. ಮುಂದಿನ ತಾರೀಕಿಗೆ ನ್ಯಾಯಾಧೀಶರು ಕೇಳಿದ್ದು ಒಂದೇ ಪ್ರಶ್ನೆ: ಇವರನ್ನು ವಶಕ್ಕೆ ತೆಗೆದುಕೊಂಡು ಏನು ಪತ್ತೆ ಮಾಡಬೇಕಿದೆ? ಉತ್ತರ ಬರಲಿಲ್ಲ. ಉತ್ತರ ಇತ್ತು ಸ್ವಾಮಿ. ಸಹಕಾರ ಸಂಘಗಳ ಕಾಯ್ದೆಯ 64ನೇ ಕಲಂ ಪ್ರಕಾರ ವಿಚಾರಣೆ ಮುಗಿದು, ಯಾವ ಸಾಲ ಯಾರ ಹೆಸರಿಗೆ ಹೋಯಿತು ಅನ್ನುವ ವರದಿ ಸಹಕಾರ ಇಲಾಖೆಯ ಕಚೇರಿಯಲ್ಲಿತ್ತು. ಅದನ್ನು ಕೋರ್ಟಿಗೆ ತರುವ ಕೆಲಸ ಯಾರದ್ದೂ ಆಗಿರಲಿಲ್ಲ.

ಎಫ್‌ಐಆರ್‌ನಲ್ಲಿ ಇದ್ದದ್ದು ವಂಚನೆಯ ಕಲಂ ಮಾತ್ರ. ಅದಕ್ಕೆ ಹೆಚ್ಚೆಂದರೆ 7 ವರ್ಷ. ಅಷ್ಟಿದ್ದರೆ ಪೊಲೀಸರು ನೋಟಿಸ್ ಕೊಟ್ಟು ಕರೆಯಬೇಕೇ ಹೊರತು ಅಗತ್ಯವಿಲ್ಲದೆ ಬಂಧಿಸುವ ಹಾಗಿಲ್ಲ. ಜನರ ದುಡ್ಡು ಇಟ್ಟುಕೊಂಡವರು ಮಾಡುವ ನಂಬಿಕೆ ದ್ರೋಹಕ್ಕೆ ಭಾರತೀಯ ನ್ಯಾಯ ಸಂಹಿತೆಯ 316(5)ನೇ ಕಲಂ ಇದೆ, ಜೀವಾವಧಿವರೆಗೂ ಶಿಕ್ಷೆ ಇದೆ. ಅದು ನಮ್ಮ ಸಂಘಕ್ಕೆ ಅನ್ವಯಿಸುತ್ತದೋ ಇಲ್ಲವೋ ಕೋರ್ಟು ನೋಡಿಕೊಳ್ಳಲಿ, ಹಾಕಿಯಾದರೂ ನೋಡಬೇಕಿತ್ತು ಅಲ್ವಾ?

ಕಾನೂನು ಮೆತ್ತಗಿದೆ ಅನ್ನುವುದನ್ನು ನಾನು ಒಪ್ಪಲ್ಲ. 2019ರ ಸೆಪ್ಟೆಂಬರ್‌ನಲ್ಲಿ ಕೇಂದ್ರದ ಮಾಜಿ ಹಣಕಾಸು ಸಚಿವ ಪಿ. ಚಿದಂಬರಂ ಅವರಿಗೆ ಇದೇ ಜಾಮೀನು ನಿರಾಕರಿಸುವಾಗ, ಆರ್ಥಿಕ ಅಪರಾಧಗಳಲ್ಲಿ ಇದನ್ನು ಅಪರೂಪಕ್ಕೆ ಕೊಡಬೇಕು ಅಂತ ಸುಪ್ರೀಂ ಕೋರ್ಟು ಹೇಳಿತು. ಬಂಧನ, ವಿಚಾರಣೆ ಆದ ಮೇಲೆ ಡಿಸೆಂಬರ್‌ನಲ್ಲಿ ಅವರಿಗೆ ಮಾಮೂಲಿ ಜಾಮೀನನ್ನೂ ಕೊಟ್ಟಿತು. ಆದರೆ 2020ರ ಸುಶೀಲಾ ಅಗರ್ವಾಲ್ ತೀರ್ಪಿನ ಪ್ರಕಾರ ನಿರೀಕ್ಷಣಾ ಜಾಮೀನಿಗೆ ಸಾಮಾನ್ಯವಾಗಿ ಕಾಲಮಿತಿ ಇಲ್ಲ. ಒಮ್ಮೆ ಸಿಕ್ಕರೆ ಕೇಸು ಮುಗಿಯುವ ತನಕ ಇರಬಹುದು. ಅಂದರೆ ಮೊದಲ ಒಂದೆರಡು ತಾರೀಕಿನಲ್ಲೇ ಆಟ ಮುಗಿದುಹೋಗುತ್ತದೆ. ಆ ತಾರೀಕುಗಳಿಗೇ ಸರ್ಕಾರ ಬರಿಗೈಲಿ ಬರುತ್ತದೆ.

ದುಡ್ಡು ಕಟ್ಟಿಸಿಕೊಂಡು ಜಾಮೀನು ಕೊಡಲಿ ಅಂತ ನಮ್ಮವರೇ ಕೆಲವರು ಹೇಳುತ್ತಾರೆ. ಅದೂ ಆಗದ ಮಾತು. ಜಾಮೀನು ಅನ್ನುವುದು ಸಾಲ ವಸೂಲಿ ಅಲ್ಲ ಅಂತ 2023ರಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ. ಅಧ್ಯಕ್ಷರು ಜೈಲಿಗೆ ಹೋದರೂ ನನ್ನ ಪಿಗ್ಮಿ ದುಡ್ಡು ವಾಪಸ್ ಬರಲ್ಲ, ಅದು ನನಗೂ ಗೊತ್ತು. ಬರುವುದಿದ್ದರೆ ಅವರ ಆಸ್ತಿಯಿಂದ ಬರಬೇಕು. ಮಧ್ಯಂತರ ಜಾಮೀನಿನ ಮೇಲೆ ಅವರು ಹೊರಗಿದ್ದಾಗ ನಾವು ನೋಂದಣಿ ಇಲಾಖೆಯ ಕಾವೇರಿ ಪೋರ್ಟಲ್‌ನಲ್ಲಿ ಇ.ಸಿ., ಅಂದರೆ ಆಸ್ತಿಯ ಋಣಭಾರ ಪತ್ರ, ತೆಗೆದೆವು. ಅಧ್ಯಕ್ಷರ ಬೈಪಾಸ್ ರಸ್ತೆಯ ಸೈಟು ದಾನಪತ್ರದ ಮೂಲಕ ಹೆಂಡತಿ ಹೆಸರಿಗೆ ಹೋಗಿತ್ತು. ದಾನವಂತೆ!

ಇದನ್ನು ತಡೆಯಲು 2024ರ ಜುಲೈ 1ರಿಂದ ನಿಮ್ಮ ಪೊಲೀಸರ ಕೈಯಲ್ಲೇ ಅಸ್ತ್ರವಿದೆ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ (ಸಿಆರ್‌ಪಿಸಿ) ಜಾಗಕ್ಕೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 107ನೇ ಕಲಂ. ಅಪರಾಧದಿಂದ ಬಂದ ಆಸ್ತಿ ಅನ್ನಿಸಿದರೆ ತನಿಖಾಧಿಕಾರಿ ಎಸ್‌ಪಿ ಒಪ್ಪಿಗೆ ಪಡೆದು ಜಪ್ತಿಗೆ ಅರ್ಜಿ ಹಾಕಬಹುದು. ನೋಟಿಸ್ ಕೊಟ್ಟರೆ ಆಸ್ತಿ ಕೈಬಿಟ್ಟು ಹೋಗುತ್ತದೆ ಅನ್ನಿಸಿದರೆ ಕೋರ್ಟು ಏಕಪಕ್ಷೀಯವಾಗಿಯೇ ಮಧ್ಯಂತರ ಆದೇಶ ಕೊಡಬಹುದು. ಕೊನೆಗೆ ಅದು ಅಪರಾಧದ ಗಳಿಕೆ ಅಂತ ತೀರ್ಮಾನವಾದರೆ ಜಿಲ್ಲಾ ಮ್ಯಾಜಿಸ್ಟ್ರೇಟ್ ಅದನ್ನು 60 ದಿನದಲ್ಲಿ ಕಳೆದುಕೊಂಡವರಿಗೆ ಹಂಚಬೇಕು. ನಮ್ಮ ಕೇಸಿನಲ್ಲಿ ಈ ಅರ್ಜಿ ಹಾಕಿದ್ದೀರಾ ಅಂತ ಕೇಳಿದೆ. ಠಾಣೆಯಲ್ಲಿ 'ಮೇಲಿನಿಂದ ಹೇಳಬೇಕು' ಅಂದರು.

ಮೇಲೆ ಇರುವವರು ನೀವು. ದಯವಿಟ್ಟು ಹೇಳಿ. ಠೇವಣಿ ಹಣದ ಕೇಸುಗಳಲ್ಲಿ ಜಾಮೀನು ಅರ್ಜಿ ಬಂದ ತಕ್ಷಣ 64ನೇ ಕಲಂ ವರದಿ ಸರ್ಕಾರಿ ವಕೀಲರ ಕೈ ಸೇರುವಂತೆ ಸಹಕಾರ ಸಚಿವರ ಜೊತೆ ಕೂತು ಒಂದು ಸುತ್ತೋಲೆ ಹೊರಡಿಸಿ. ಗುಮಾಸ್ತನನ್ನೂ ಅಧ್ಯಕ್ಷನನ್ನೂ ಒಂದೇ ಹಗ್ಗದಲ್ಲಿ ಕಟ್ಟಬೇಡಿ ಅಂತಲೂ ಅದರಲ್ಲಿ ಬರೆಯಿರಿ. 107ರ ಅಡಿ ಯಾವ ಜಿಲ್ಲೆಯಲ್ಲಿ ಎಷ್ಟು ಅರ್ಜಿ ಹಾಕಿದ್ದಾರೆ ಅನ್ನುವ ಲೆಕ್ಕವನ್ನು ಎಸ್‌ಪಿಗಳಿಂದ ತರಿಸಿ, ಮುಂದಿನ ಅಧಿವೇಶನದಲ್ಲಿ ಸದನದ ಮುಂದೆ ಇಡಿ.

ಇಂತಿ,
ಒಬ್ಬ ಪಿಗ್ಮಿ ಠೇವಣಿದಾರ